ನಡುವ ಯಾಕ ನಿಲ್ಲಿಸ್ತೀರಿ?

ಗಜೇಂದ್ರಗಡದಲ್ಲಿ ನಮ್ಮ ಮೆಟಲ್ ಬ್ಯಾಂಡ್ ತಾಲೀಮು ನಡೆಸುತ್ತಿದ್ದ ಶೆಡ್ಡಿನ ಮಾಲೀಕರು ರಾಜೂರಿನ ರೈತರು. ನಾನು ಗಂಟಲು ಹರಿಯುವಂತೆ ಅರಚತೊಡಗಿದರೆ ಓಣಿಯೆಲ್ಲ ಬಾಗಿಲು ಹಾಕಿಕೊಳ್ಳುತ್ತಿತ್ತು. ಇವರೊಬ್ಬರೇ ಟವೆಲನ್ನು ಕಿವಿಗೆ ಸುತ್ತಿಕೊಂಡು ಕೊನೆಯವರೆಗೂ ಕೂರುತ್ತಿದ್ದರು. ಆಮೇಲೆ ಪ್ರತಿಸಲವೂ ಅದೇ ಮಾತು: "ಭಾಳ ಚಲೋ ಆತು. ಆದ್ರ ನಡುವ ಯಾಕ ನಿಲ್ಲಿಸ್ತೀರಿ?"

"ಅದು ಪ್ರಯೋಗ ರೀ ಕಾಕಾ. ಮೌನಾನೂ ಸಂಗೀತನ," ಎಂದು ನಾನು ಮಹಾ ಗಂಭೀರವಾಗಿ ವಿವರಿಸುತ್ತಿದ್ದೆ.

ಕೇಳುವವರಿಲ್ಲದೆ ಬ್ಯಾಂಡ್ ಮುಚ್ಚಿದಾಗ ಅವರು ನಮ್ಮ ಹಾಡುಗಳನ್ನೆಲ್ಲ ಪೆನ್‌ಡ್ರೈವಿಗೆ ಹಾಕಿಸಿಕೊಂಡರು. ಒಬ್ಬ ಅಭಿಮಾನಿಯಾದರೂ ಉಳಿದರಲ್ಲ ಎಂದು ನಾನು ಉಬ್ಬಿಹೋದೆ.

ಮೊನ್ನೆ ಸುಟ್ಟ ಎಳೆಜೋಳದ ಸೀತನಿ ತಿನ್ನಲು ಕರೆದರೆಂದು ಅವರ ಹೊಲಕ್ಕೆ ಹೋದೆ. ತೆನೆ ತುಂಬಿದ ಜೋಳದ ನಡುವೆ ಬಿದಿರಿನ ಗಳುವಿಗೆ ಸ್ಪೀಕರ್ ಕಟ್ಟಿದ್ದರು. ಅದರಲ್ಲಿ ನಾನು ಅರಚುತ್ತಿದ್ದೆ. ಒಂದು ಹಕ್ಕಿಯೂ ಹತ್ತಿರ ಸುಳಿಯುತ್ತಿರಲಿಲ್ಲ.

ಅಷ್ಟರಲ್ಲಿ ನಮ್ಮ ಹೆಮ್ಮೆಯ ಮೌನ ಬಂತು. ಗಿಳಿಗಳ ಹಿಂಡು ತೆನೆಗಳ ಮೇಲೆ ಇಳಿಯಿತು. ಕಾಕಾ ತಟ್ಟನೆ ಎದ್ದು, ಬಾಯಿಗೆ ಕೈ ಹಿಡಿದು, ಹಾಡು ಮತ್ತೆ ಶುರುವಾಗುವವರೆಗೂ "ಹೋಯ್! ಹೋಯ್!" ಎಂದು ಅರಚಿದರು. ಆಮೇಲೆ ಏದುಸಿರು ಬಿಡುತ್ತ ನನ್ನತ್ತ ತಿರುಗಿದರು.

"ನೋಡಿದಿಲ್ಲೋ ತಮ್ಮಾ? ನಿನ್ನ ಮೌನಾ ತುಂಬಸೂದ್ರಾಗ ನನ್ನ ಗಂಟಲಾ ಹೋತು."