ಜರಿಯಂಚಿನ ನಾಟಿ

ನಾನು ಛಾಯಾಗ್ರಾಹಕ. ವಿಯೆಟ್ನಾಂನ ನಿರ್ದೇಶಕಿಯೊಬ್ಬರು, ಯಾವ ನಿರ್ಮಾಣ ಸಂಸ್ಥೆಯ ಹಂಗೂ ಇಲ್ಲದೆ, ಭತ್ತ ಬೆಳೆಯುವವರ ಕುರಿತು ಚಿತ್ರವೊಂದನ್ನು ತೆಗೆಯುತ್ತಿದ್ದರು. ತಮ್ಮ ದೇಶದ ಭಾಗ ಮುಗಿಸಿ, ನಾಟಿಯ ಒಂದು ದೃಶ್ಯಕ್ಕಾಗಿ ಗಂಗಾವತಿಗೆ ಬಂದಾಗ ಕ್ಯಾಮೆರಾದ ಹೊಣೆಯನ್ನು ಈ ನೆಲದವನಾದ ನನಗೆ ಒಪ್ಪಿಸಿದರು.

ಹೇಮಗುಡ್ಡದ ಆಚೆಯ ಗದ್ದೆಯೊಂದನ್ನು ಗೊತ್ತುಮಾಡಿ, ನಾಟಿಯ ಹೆಂಗಸರಿಗೆ ಹಿಂದಿನ ದಿನವೇ ಹೇಳಿಬಂದಿದ್ದೆ: ನಾಳೆ ಕ್ಯಾಮೆರಾ ಬರುತ್ತದೆ. ತಪ್ಪಾದದ್ದು ಅಲ್ಲೇ. ನಮ್ಮ ಕಡೆ ಕ್ಯಾಮೆರಾ ಬರುವುದು ಮದುವೆಗೆ. ಬೆಳಿಗ್ಗೆ ಎಂಟು ಮಂದಿಯೂ ಜರಿಯಂಚಿನ ಸೀರೆ ಉಟ್ಟು, ಮುಖಕ್ಕೆ ಪೌಡರ್ ಹಚ್ಚಿ, ಮಲ್ಲಿಗೆ ಮುಡಿದು ಬದುವಿನ ಮೇಲೆ ನಿಂತಿದ್ದರು.

ನಿರ್ದೇಶಕಿ ಇಂಗ್ಲಿಷಿನಲ್ಲಿ ಮೆಲ್ಲಗೆ ಹೇಳಿದರು: "ದಿನದ ಬಟ್ಟೆಯಲ್ಲಿ ಬರಲು ಹೇಳಿ. ಇದು ಸುಳ್ಳಾಗಿ ಕಾಣುತ್ತದೆ."

ಹೇಳಿದೆ. ತಂಡದ ಹಿರಿಯಾಕೆ ಸೊಂಟಕ್ಕೆ ಕೈ ಕೊಟ್ಟಳು.

"ಯಾಕಪಾ ತಮ್ಮಾ, ನಿನ್ನ ಲಗ್ನದ ಫೋಟೋದಾಗ ನೀ ಹರಕ ಬನೀನ ಹಾಕ್ಕೊಂಡು ನಿಂತಿದ್ದೇನು?"

"ಬನೀನರ ಇತ್ತೋ ಇಲ್ಲೋ ಕೇಳಬೇ ಯವ್ವಾ," ಎಂದಳು ಕಿರಿಯಳೊಬ್ಬಳು. ಎಲ್ಲರೂ ನಕ್ಕರು. ಹಿರಿಯಾಕೆ ನಗಲಿಲ್ಲ.

"ಕೆಸರಿನ ಸೀರಿ ದಿನಾ ಉಡ್ತೀವಿ, ಊರಿಗೆಲ್ಲ ಗೊತ್ತೈತಿ. ಇದು ನಿಮಗ ಬ್ಯಾಡಂದ್ರ ನಾಟಿ ಹಚ್ಚಿ ಮನಿಗೆ ಹೋಗ್ತೀವಿ. ಫೋಟೋನ ಬ್ಯಾಡ."

ಕಾಲೇಜಿನ ಚರ್ಚಾಸ್ಪರ್ಧೆಗಳಲ್ಲಿ ದುಡಿಯುವವರ ಘನತೆಯ ಪರವಾಗಿ ನಾನು ಎಷ್ಟೋ ಸಲ ವಾದಿಸಿದ್ದೆ. ಆ ವೇದಿಕೆಗಳಲ್ಲಿ ದುಡಿಯುವವರೇ ಪ್ರತಿವಾದಿಗಳಾಗಿ ಎದುರು ನಿಂತದ್ದಿಲ್ಲ. ಇಲ್ಲಿ ನಿಂತರು, ನಾನು ಸೋತೆ.

"ಅವರು ಬಟ್ಟೆ ಬದಲಿಸಬೇಕೆಂದರೆ ನಾನು ಕ್ಯಾಮೆರಾ ಮುಟ್ಟುವುದಿಲ್ಲ," ಎಂದೆ ನಿರ್ದೇಶಕಿಗೆ. ಮರುದಿನವೇ ಅವರ ವಿಮಾನ. ಅಷ್ಟರಲ್ಲಿ ಬೇರೊಬ್ಬ ಛಾಯಾಗ್ರಾಹಕ ಸಿಗುವಂತಿರಲಿಲ್ಲ. ಕೊನೆಗೆ ಅವರು, "ತೆಗೆಯಿರಿ. ಚಿತ್ರದಲ್ಲಿ ಉಳಿಸುತ್ತೇನೆಂದು ಮಾತು ಕೊಡಲಾರೆ," ಎಂದರು.

ಹೆಂಗಸರು ಜರಿಯನ್ನು ಮೊಣಕಾಲಿಗೆ ಎತ್ತಿ ಕಟ್ಟಿ ಗದ್ದೆಗಿಳಿದರು. ಬಾಗಿ ದುಡಿಯುವವರನ್ನು ನಿಂತು ನೋಡಬಾರದೆಂದು ನಾನೂ ಕೆಸರಿನಲ್ಲಿ ಮಂಡಿಯೂರಿ, ಕ್ಯಾಮೆರಾವನ್ನು ಅವರ ಮುಖದ ಮಟ್ಟಕ್ಕೆ ಹಿಡಿದೆ. ಬೆವರಿಗೆ ಪೌಡರ್ ಗೆರೆಗೆರೆಯಾಗಿ ಇಳಿಯಿತು. ಯಾರೂ ಒರೆಸಿಕೊಳ್ಳಲಿಲ್ಲ, ಕೈತುಂಬ ಸಸಿ ಇತ್ತು.

ಮುಗಿದ ಚಿತ್ರದಲ್ಲಿ ಆ ದೃಶ್ಯವಿರಲಿಲ್ಲ. ನೋಡುವವರು ನಂಬುವುದಿಲ್ಲ ಎಂದು ನಿರ್ದೇಶಕಿ ಪ್ರಾಮಾಣಿಕವಾಗಿಯೇ ಬರೆದಿದ್ದರು. ನಂಬದಿರಲಿ. ದುಡಿಯುವವರು ದೀನರಾಗಿ ಕಂಡರೆ ಮಾತ್ರ ನಿಜ ಎನ್ನುವ ಕಣ್ಣಿಗೆ ನಾನಿನ್ನು ಬೆಳಕು ಹೊಂದಿಸಿಕೊಡುವುದಿಲ್ಲ. ನಿರ್ದೇಶಕಿಯ ಒಪ್ಪಿಗೆ ಪಡೆದು ಆ ತುಣುಕನ್ನು ಹೆಂಗಸರ ಊರಿಗೇ ಒಯ್ದು, ಸಂಜೆ ಶಾಲೆಯ ಗೋಡೆಯ ಮೇಲೆ ತೋರಿಸಿದೆ.

"ಬಾಗಿದ್ರೂ ಭಾಳ ಛಲೋ ಕಾಣ್ತೀನಲ್ಲಬೇ," ಎಂದಳು ಹಿರಿಯಾಕೆ. "ಇನ್ನೊಮ್ಮೆ ಹಾಕಪಾ."

ಹಾಕಿದೆ.