ಕಡಲೆ ಕುಡಿಯ ಹುಳಿ

ಪರರ ಹೊಲದಲ್ಲಿ ಕೈಯಾಡಿಸಿದವರನ್ನು ಕಳ್ಳರೆನ್ನುವುದು ಲೋಕರೂಢಿ. ಆದರೆ ನಮ್ಮ ಗದಗ ಸೀಮೆಯ ಎರೆಹೊಲಗಳಲ್ಲಿ ಈ ರೂಢಿಗೊಂದು ಸೊಗಸಾದ ಅಪವಾದವಿದೆ. ಹಿಂಗಾರಿಯ ಕಡಲೆ ಗೇಣುದ್ದ ಎದ್ದು ನಿಂತಿರುವಾಗ, ದಾರಿ ಹಿಡಿದು ಹೊರಟ ಯಾವ ಹೆಣ್ಣುಮಗಳು ಬೇಕಾದರೂ ಬದುವಿನಿಂದ ಒಳಗಿಳಿದು, ಗಿಡದ ಎಳೆಯ ಕುಡಿಗಳನ್ನು ಚೂಟಿ ಉಡಿ ತುಂಬಿಕೊಳ್ಳಬಹುದು. ಹೊಲದ ಒಡೆಯ ಕಂಡರೆ ಗದರುವುದಿಲ್ಲ. ಬದಲಾಗಿ "ಆ ಕಡಿ ಸಾಲೂ ಒಂದೀಟು ಚೂಟಿ ಹೋಗ್ರಿ ಯವ್ವಾ" ಎಂದು ಉಪಚಾರ ಹೇಳುತ್ತಾನೆ. ಕುಡಿ ಮುರಿದ ಕಡಲೆ ಮುನಿಸಿಕೊಳ್ಳದೆ ಅಕ್ಕಪಕ್ಕಕ್ಕೆ ಕವಲೊಡೆದು ಹರಡಿ, ಇನ್ನಷ್ಟು ಕಾಯಿ ಕಟ್ಟುತ್ತದೆಂಬುದು ಅವನಿಗೆ ಗೊತ್ತು. ನಮ್ಮ ಸೀಮೆಯ ಮಾಗಡಿ ಕೆರೆಗೆ ಚಳಿಗಾಲ ಕಳೆಯಲು ಬರುವ ಪರದೇಶದ ಹಕ್ಕಿಗಳು ಕೂಡ ಸುತ್ತಲ ಹೊಲಗಳಲ್ಲಿ ಈ ಸೌಲಭ್ಯವನ್ನು ಸಂಕೋಚವಿಲ್ಲದೆ ಅನುಭವಿಸುತ್ತವೆ. ಆದರೆ ಗಿಡದಲ್ಲಿ ಮೊದಲ ಹೂ ಕಂಡ ದಿನ ಈ ಧರ್ಮಛತ್ರದ ಬಾಗಿಲು ಮುಚ್ಚುತ್ತದೆ. ಅಲ್ಲಿಂದಾಚೆಗೆ ಚೂಟಿದರೆ ಅದು ಕಳವೇ.

ಈ ಕುಡಿಯ ಮಹಿಮೆ ಇರುವುದು ಅದರ ಹುಳಿಯಲ್ಲಿ. ಎಲೆಯ ಮೇಲಿನ ನವಿರು ರೋಮಗಳು ರಾತ್ರಿಯೆಲ್ಲ ಒಂದು ಬಗೆಯ ಹುಳಿರಸವನ್ನು ಒಸರುತ್ತವೆ. ಅದು ಬೆಳಗಿನ ಇಬ್ಬನಿಯೊಂದಿಗೆ ಬೆರೆತು ನಿಲ್ಲುತ್ತದೆ. ನಮ್ಮ ಹಳ್ಳಿಗಳಲ್ಲಿ ಸೂರ್ಯ ಮೇಲೇರುವ ಮೊದಲೇ ಹೊಲಕ್ಕೆ ಹೋಗಿ, ಗಿಡಗಳ ಮೇಲೆ ಬಿಳಿ ಅರಿವೆ ಹಾಸಿ ಎಳೆದು, ತೊಯ್ದ ಅರಿವೆಯನ್ನು ಬೋಗುಣಿಗೆ ಹಿಂಡಿ ಆ ಹುಳಿಯನ್ನು ಸಂಗ್ರಹಿಸುತ್ತಾರೆ. ಆಯುರ್ವೇದದ ಪಂಡಿತರು ಚಣಕಾಮ್ಲವೆಂಬ ಗಂಭೀರ ನಾಮಧೇಯದಿಂದ ಕರೆಯುವ ಈ ದ್ರವ್ಯಕ್ಕೆ ನಾವು ಕಡ್ಲಿ ಹುಳಿ ಎನ್ನುತ್ತೇವೆ. ಹೊಟ್ಟೆನೋವು, ಅಜೀರ್ಣ, ಬಾಯಿ ಕೆಟ್ಟಿದ್ದು, ಎಲ್ಲದಕ್ಕೂ ನೀರಿನಲ್ಲಿ ಬೆರೆಸಿದ ಒಂದು ಚಮಚ ಸಾಕು. ಬಾಲ್ಯದಲ್ಲಿ ಶಾಲೆ ತಪ್ಪಿಸಲು ಹೊಟ್ಟೆನೋವಿನ ನಟನೆ ಮಾಡಿ, ಆ ಚಮಚದ ಹೊಡೆತಕ್ಕೆ ಕಣ್ಣಲ್ಲಿ ನೀರು ತಂದುಕೊಂಡು ನೆಟ್ಟಗೆ ಶಾಲೆಯ ದಾರಿ ಹಿಡಿದವರಲ್ಲಿ ನಾನೂ ಒಬ್ಬ. ಇನ್ನು ಕುಡಿಗಳ ಪಲ್ಲೆ. ಬೇಳೆ, ಹಸಿಮೆಣಸಿನಕಾಯಿ, ಜೋಳದ ನುಚ್ಚು ಹಾಕಿ ಕುದಿಸಿ, ಬೆಳ್ಳುಳ್ಳಿಯ ಒಗ್ಗರಣೆ ಕೊಟ್ಟು ಬಿಸಿ ರೊಟ್ಟಿಯ ಮೇಲೆ ಬಡಿಸಿದರೆ ನನ್ನಂಥ ಮಾತಿನಮಲ್ಲನೂ ಊಟ ಮುಗಿಯುವವರೆಗೆ ಬಾಯಿ ಬಿಡುವುದಿಲ್ಲ.

ನಾನು ಬೆಟಗೇರಿಯ ನೇಕಾರರ ಮನೆಯಲ್ಲಿ ಹುಟ್ಟಿದವನು. ಮಗ್ಗ ನನ್ನ ಕಾಲಕ್ಕೆ ಮನೆ ಬಿಟ್ಟಿತು. ನಾನು ಮುದ್ರಣಾಲಯವೊಂದರಲ್ಲಿ ಕರಡು ತಿದ್ದುತ್ತ, ಇತರರ ದೀರ್ಘಗಳನ್ನು ಹ್ರಸ್ವ ಮಾಡುತ್ತ, ಹ್ರಸ್ವಗಳನ್ನು ದೀರ್ಘ ಮಾಡುತ್ತ ಆಯುಷ್ಯವನ್ನು ಕಳೆದೆ. ನನ್ನ ಹೆಂಡತಿ ನೀಲಾ ಅಸುಂಡಿಯವಳು. ಅವಳ ತವರಿನವರು ಹಿಂದೆಯೇ ಮಗ್ಗ ಬಿಟ್ಟು ಒಕ್ಕಲುತನಕ್ಕೆ ಇಳಿದವರಾದ್ದರಿಂದ ನನಗೆ ಕಡಲೆಯೆಂದರೆ ಅಂಗಡಿಯ ಚೀಲದಲ್ಲಿರುವ ಕಾಳು, ಅವಳಿಗೆ ಹೊಲದಲ್ಲಿ ನಿಂತ ಗಿಡ. ಮದುವೆಯಾದ ಮೊದಲ ಚಳಿಗಾಲದಲ್ಲಿ ತವರಿನಿಂದ ಬಂದ ಕುಡಿಗಳನ್ನು, ಗಂಡನೆಂಬುವನು ಅಡುಗೆಮನೆಗೂ ಉಪಯೋಗಿ ಎಂದು ಸಾಧಿಸುವ ಉತ್ಸಾಹದಲ್ಲಿ, ನಾನು ನಳದ ಕೆಳಗೆ ಚೆನ್ನಾಗಿ ತೊಳೆದಿಟ್ಟಿದ್ದೆ. ಹುಳಿಯೆಲ್ಲ ಮೋರಿಯ ಪಾಲಾಗಿತ್ತು. ಆ ದಿನ ಅವಳು ನಕ್ಕ ನಗು ನನ್ನ ಸಂಸಾರದ ಮೊದಲ ನೆನಪು.

ನೀಲಾಳ ನಾಲಿಗೆಯ ಖ್ಯಾತಿ ನಮ್ಮ ಬಳಗದಲ್ಲೆಲ್ಲ ಹಬ್ಬಿತ್ತು. ಲಕ್ಷ್ಮೇಶ್ವರದ ಒಂದು ಮದುವೆಯಲ್ಲಿ ಎಣಗಾಯಿಯ ಒಂದು ತುತ್ತು ತಿಂದವಳೇ, "ಇದಕ್ಕ ಇಬ್ಬರು ಉಪ್ಪು ಹಾಕ್ಯಾರ" ಎಂದು ತೀರ್ಪು ಕೊಟ್ಟಳು. ವಿಚಾರಿಸಿದಾಗ ಅಡುಗೆಯ ಇಬ್ಬರೂ ಒಬ್ಬರಿಗೊಬ್ಬರು ಹೇಳದೆ ಹಾಕಿದ್ದು ನಿಜವಾಗಿತ್ತು. ಕುದಿಯುವ ಅಡುಗೆಯನ್ನು ಅವಳೆಂದೂ ರುಚಿ ನೋಡುತ್ತಿರಲಿಲ್ಲ. ದೇವರಿಗೆ ತೋರಿಸದ ಅಡುಗೆಯನ್ನು ಎಂಜಲು ಮಾಡಬಾರದೆಂಬುದು ಅವಳ ತಾಯಿಯ ನಿಯಮ. ಒಗ್ಗರಣೆಯ ವಾಸನೆ ಮೂಗಿಗೆ ಬಂದರೆ ಸಾಕು, ಏನು ಕಡಿಮೆ, ಏನು ಹೆಚ್ಚು ಎಂಬುದು ಅವಳಿಗೆ ತಿಳಿಯುತ್ತಿತ್ತು. ನಾನು ಮಾತ್ರ ಬಡಿಸಿದ್ದನ್ನೆಲ್ಲ ಚೆನ್ನಾಗಿದೆ ಎನ್ನುವ ವರ್ಗದವನು. "ನಿಮ್ಮ ನಾಲಿಗಿ ಬರೇ ಮಾತಾಡಾಕ ಕೊಟ್ಟಾನ ದೇವರು" ಎನ್ನುತ್ತಿದ್ದಳು.

ಈ ಮಳೆಗಾಲದಲ್ಲಿ ಅವಳಿಗೆ ಬಂದ ಜ್ವರ ಹಲವು ದಿನ ಕಾಡಿಸಿ ಹೋಯಿತು. ಹೋಗುವಾಗ ಮೂಗಿನ ವಾಸನೆಯನ್ನೂ ನಾಲಿಗೆಯ ರುಚಿಯನ್ನೂ ಜೊತೆಗೆ ಒಯ್ದಿತು. "ಬಾಯಿಗೆ ಏನೂ ಹತ್ತವಲ್ದು. ನಾಲಿಗಿ ಮ್ಯಾಲ ಅರಿವಿ ಹಾಸಿದಂಗ ಐತಿ" ಎಂದಳು. ಬಾಯಿ ಸದಾ ಒಣಗಿರುತ್ತಿತ್ತು. ಪ್ರತಿ ತುತ್ತಿಗೂ ನೀರು ಕುಡಿದು ನುಂಗಬೇಕಾಗುತ್ತಿತ್ತು. ವೈದ್ಯರು ಪರೀಕ್ಷಿಸಿ, ಬಂದರೂ ಬರಬಹುದು, ಕಾಯಬೇಕು ಎಂದರು. ನಾವು ಕಾದೆವು. ಶ್ರಾವಣ ಹೋಯಿತು, ದಸರೆ ಹೋಯಿತು, ದೀಪಾವಳಿಯ ಕರ್ಚಿಕಾಯಿಯನ್ನು ಅವಳು ಮಣ್ಣಿನ ಹೆಂಟೆ ಅಗಿದಂತೆ ಅಗಿದು ಪಕ್ಕಕ್ಕಿಟ್ಟಳು. ಅಡುಗೆಯನ್ನೂ ಬಿಟ್ಟಳು. ತನಗೆ ತಿಳಿಯದ್ದನ್ನು ಇನ್ನೊಬ್ಬರಿಗೆ ಹೇಗೆ ಬಡಿಸಲಿ ಎಂಬುದು ಅವಳ ಪ್ರಶ್ನೆ. ಒಲೆಯ ಅಧಿಕಾರ ನನ್ನ ಕೈಗೆ ಬಂತು.

ಓದುಗ ಮಿತ್ರರೇ, ಮನೆಯಲ್ಲಿ ಟೀಕೆ ನಿಂತುಹೋಗುವುದೆಂದರೇನೆಂದು ನಿಮಗೆ ಗೊತ್ತೆ? ಸಾರಿಗೆ ಉಪ್ಪು ಮರೆತಿದ್ದೆ, ಸುಮ್ಮನೆ ಉಂಡಳು. ಅನ್ನ ತಳ ಹಿಡಿಸಿದ್ದೆ; ಅದನ್ನೂ ಉಂಡಳು. ನನ್ನ ದೋಷಗಳನ್ನು ತಿದ್ದುವವರಿಲ್ಲದೆ ನಾನು ಅಚ್ಚಿಗೆ ಹೋಗಿಬಿಟ್ಟ ಕರಡಿನಂತಾದೆ. "ಏನ್ರಿ ಇದು, ನೀರಾಗ ಮೆಣಸಿನಕಾಯಿ ತೊಳದೀರೇನು" ಎಂದು ಅವಳು ಒಮ್ಮೆ, ಒಂದೇ ಒಂದು ಸಲ ಗದರಲಿ ಎಂದು ನಾನು ಎಷ್ಟು ಹಂಬಲಿಸಿದೆನೆಂದು ಹೇಳಲಾರೆ. ಎದುರಿಗೇ ಕುಳಿತು ಉಣ್ಣುತ್ತಿರುವ ಹೆಂಡತಿಯ ನೆನಪು ಗಂಡನನ್ನು ಕಾಡುವುದು ವಿಚಿತ್ರವೆನ್ನಿಸಬಹುದು. ಆದರೆ ನನ್ನನ್ನು ಕಾಡಿತು.

ಒಂದು ಸಂಜೆ ತಾನಾಗಿಯೇ, "ಕಡ್ಲಿ ಎದ್ದಿರಬೇಕು ಈಗ" ಎಂದಳು. ಇಷ್ಟು ತಿಂಗಳಲ್ಲಿ ಅವಳು ತಿನ್ನುವ ವಸ್ತುವೊಂದರ ಹೆಸರು ಹೇಳಿದ್ದು ಅದೇ ಮೊದಲು. ನಾನು ಮರುದಿನವೇ ಪೇಟೆಗೆ ಓಡಿ ಸಿವುಡು ಸಿವುಡು ಕಡಲೆ ಕುಡಿ ತಂದು ಮುಂದಿಟ್ಟೆ. ಅವಳು ಬೆರಳುಗಳ ನಡುವೆ ಒಂದು ಕುಡಿಯನ್ನು ಹಿಸುಕಿ, "ಬಾಡಬಾರ್ದಂತ ನೀರು ಹೊಡದಾರ. ಕೈಗೆ ಅಂಟವಲ್ದು. ಇದರಾಗ ಹುಳಿ ಎಲ್ಲಿಂದ ಬರಬೇಕು?" ಎಂದಳು. ನನ್ನ ಪಾಲಿಗೆ ಅದೊಂದು ಶುಭಶಕುನವಾಗಿ ಕಂಡಿತು. ಕೂಡಲೇ ಅಸುಂಡಿಗೆ, ಅವಳ ತಮ್ಮ ಬಸಣ್ಣನಿಗೆ ಫೋನು ಮಾಡಿದೆ.

"ಜಲ್ದಿ ಬರ್ರಿ ಮಾವಾರ. ಇನ್ನ ನಾಕ ದಿನದಾಗ ಹೂ ಬಿಡ್ತಾವ. ಅಕ್ಕನ ಸಲುವಾಗಿ ಒಂದೀಟು ಸಾಲಿಗೆ ಎಣ್ಣಿ ಹೊಡೀದಂಗ ಬಿಟ್ಟೀನಿ" ಎಂದ ಬಸಣ್ಣ. ಎಣ್ಣೆಯೆಂದರೆ ನಮ್ಮಲ್ಲಿ ಹುಳುವಿನ ಔಷಧ. ಅದನ್ನು ಹೊಡೆದ ಹೊಲದ ಕುಡಿಯನ್ನು ಈಗ ಯಾರೂ ಬಾಯಿಗಿಡುವುದಿಲ್ಲ. ಧರ್ಮಛತ್ರಗಳು ಹೂವಿಗಿಂತ ಮೊದಲೇ ಮುಚ್ಚತೊಡಗಿವೆ.

ಹೊರಡುವ ಮುನ್ನ ನಾನೊಂದು ಸಿದ್ಧತೆ ಮಾಡಿಕೊಂಡೆ. ಹುಳಿ ಹಿಡಿಯಲು ಅರಿವೆ ಬೇಕಷ್ಟೆ? ನೇಕಾರರ ಮನೆತನದವನು ಹೆಂಡತಿಯ ತವರಿನಲ್ಲಿ ಹರಕು ಅರಿವೆ ಕೇಳುವುದೆ? ನಮ್ಮ ಓಣಿಯಲ್ಲಿ ಇನ್ನೂ ಸದ್ದು ಮಾಡುತ್ತಿರುವ ಮಗ್ಗವೊಂದರಿಂದ ಆಗತಾನೆ ಇಳಿಸಿದ, ಹಾಲಿನಷ್ಟು ಬಿಳಿಯ, ಮಡಿಕೆ ಮುರಿಯದ ಒಂದು ಪಂಚೆಯನ್ನು ಕೊಂಡು ಚೀಲದಲ್ಲಿಟ್ಟುಕೊಂಡೆ. ನಮ್ಮ ಮನೆಗಳಲ್ಲಿ ಶುಭಕಾರ್ಯಕ್ಕೆಲ್ಲ ಹೊಸ ಅರಿವೆಯೇ. ಹಳೆಯದನ್ನು ಒರೆಸಲು ಬಳಸುತ್ತೇವೆ.

ನಾವಿಬ್ಬರೂ ಅಂದು ಸಂಜೆಗೆ ಅಸುಂಡಿ ಸೇರಿ, ಮರುದಿನ ನಸುಕಿನಲ್ಲಿ ಬಸಣ್ಣನ ಹೊಲದಲ್ಲಿ ನಿಂತೆವು. ಕರಿಯ ಮಣ್ಣು ತಣ್ಣಗೆ ಪಾದಕ್ಕೆ ಮೆತ್ತಿಕೊಳ್ಳುತ್ತಿತ್ತು. ಸಾಲುಗಳ ಮೇಲೆ ಇಬ್ಬನಿ ಬೆಳ್ಳಗೆ ಕೂತಿತ್ತು. ನಾನು ಗಾಂಭೀರ್ಯದಿಂದ ಪಂಚೆ ಬಿಚ್ಚಿ, ಒಂದು ತುದಿ ಬಸಣ್ಣನಿಗೆ ಕೊಟ್ಟು, ಗಿಡಗಳ ಮೇಲೆ ಹಾಸಿ ಎಳೆದೆ. ಪಂಚೆ ಬಡಬಡ ಸದ್ದು ಮಾಡುತ್ತ ಮುಂದೆ ಹೋಯಿತೇ ಹೊರತು ಇಬ್ಬನಿಯನ್ನು ಒಳಗೆ ಬಿಟ್ಟುಕೊಳ್ಳಲಿಲ್ಲ. ಹನಿಗಳೆಲ್ಲ ಅದರ ಮೇಲಿಂದ ಜಾರಿ ಮಣ್ಣು ಸೇರಿದವು. ಮತ್ತೆ ಮತ್ತೆ ಎಳೆದು ಬಲವಂತವಾಗಿ ಹಿಂಡಿದಾಗ ಬೋಗುಣಿಗೆ ಬಿದ್ದದ್ದು ತೆಳ್ಳಗಿನ ಗಂಜಿ. ನೂಲಿಗೆ ಕುಡಿಸಿದ ಗಂಜಿ ತೊಳೆಯದ ಹೊರತು ಹೊಸ ಅರಿವೆ ನೀರು ಹೀರುವುದಿಲ್ಲವೆಂಬುದು ನಮ್ಮ ಓಣಿಯ ಕೂಸಿಗೂ ತಿಳಿದ ಸಂಗತಿ; ಬಿಳುಪಿನ ಮೋಹದಲ್ಲಿ ನನಗೆ ಮರೆತುಹೋಗಿತ್ತು.

ಬದುವಿನ ಮೇಲೆ ಶಾಲು ಹೊದ್ದು ಕೂತಿದ್ದ ನೀಲಾ ನಕ್ಕಳು. ಮೊದಲು ಸಣ್ಣಗೆ, ಆಮೇಲೆ ಕೆಮ್ಮು ಬರುವಷ್ಟು. "ಅಂಬಲಿ ಕಾಸಾಕ ಬಂದಾರ ನಿಮ್ಮ ಮಾವಾರು. ಮನ್ಯಾಗಿಂದು ಹಳೇ ಧೋತರ ತಗೊಂಬಾ ಹೋಗಲೇ ಬಸ್ಯಾ" ಎಂದಳು. ನಾನು ಸೋತದ್ದಕ್ಕೆ ಅಷ್ಟು ಸಂತೋಷಪಟ್ಟದ್ದು ಜೀವನದಲ್ಲಿ ಇನ್ನೊಂದಿಲ್ಲ.

ಒಗೆದು ಒಗೆದು ಮೆತ್ತಗಾದ ಆ ಧೋತರ ಇಬ್ಬನಿಯನ್ನು ಗಟಗಟ ಕುಡಿಯಿತು. ಹಿಂಡಿದಾಗ ಮಣ್ಣಿನ ಬಣ್ಣದ ಹುಳಿ ಬೋಗುಣಿಯ ತಳ ಮುಚ್ಚಿತು. ನಾನು ಬೆರಳದ್ದಿ ನಾಲಿಗೆಗೆ ಇಟ್ಟುಕೊಂಡೆ. ಹಲ್ಲು ಚುಳ್ಳೆಂದದ್ದು ಕಿವಿಯವರೆಗೆ ಹೋಯಿತು. ಇನ್ನು ಅನುಮಾನವಿಲ್ಲ ಎಂದುಕೊಂಡು ಅಂಗೈಯಲ್ಲಿ ಒಂದಿಷ್ಟು ಹಾಕಿ ಅವಳ ಬಾಯಿಗೆ ಹಿಡಿದೆ. ಅವಳು ಕಣ್ಣು ಮುಚ್ಚಿ ನೆಕ್ಕಿದಳು. ಬಹಳ ಹೊತ್ತು ಬಾಯಲ್ಲಿ ಆಡಿಸಿದಳು. ಬಸಣ್ಣ, ನಾನು ಅವಳ ಮುಖವನ್ನೇ ನೋಡುತ್ತ ನಿಂತಿದ್ದೆವು.

"ಥಂಡ ಐತಿ" ಎಂದಳು. ಕಣ್ಣು ತೆರೆದು, "ಅಷ್ಟ" ಎಂದಳು.

ದೂರದ ರಸ್ತೆಯಲ್ಲಿ ಮುಂಡರಗಿಯ ಬಸ್ಸು ಹೋಯಿತು. ಬಸಣ್ಣ ಬೆನ್ನು ತಿರುಗಿಸಿಕೊಂಡು ಧೋತರವನ್ನು ಸುಮ್ಮನೆ ಮತ್ತೆ ಹಿಂಡತೊಡಗಿದ. ಅಲ್ಲಿ ಅಳಬಾರದೆಂದು ನಾನು ಬಹಳ ಪ್ರಯತ್ನಪಟ್ಟೆ.

ನೀಲಾ ಮಾತ್ರ ಎದ್ದು ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ ಉಡಿ ಮಾಡಿಕೊಂಡು ಸಾಲಿಗಿಳಿದಳು. ಹೂ ಬರುವ ಮೊದಲು ಚೂಟದೆ ಬಿಡುವುದು ಅವಳಿಂದ ಆಗದ ಮಾತು. ಎರಡೂ ಕೈ ಒಂದೇ ಸಮ ಓಡಿದವು; ಎಳೆಯದಷ್ಟೇ ಬೆರಳಿಗೆ ಬರುತ್ತಿತ್ತು, ಬಲಿತದ್ದು ಗಿಡದಲ್ಲೇ ಉಳಿಯುತ್ತಿತ್ತು. ಉಡಿ ತುಂಬಿದಾಗ ತಮ್ಮನಿಗೆ, "ಇವತ್ತ ಪಲ್ಲೆ ನಾ ಮಾಡ್ತೀನಿ. ನಿನ್ನ ಹೇಣ್ತಿಗೆ ರೊಟ್ಟಿ ಅಷ್ಟ ಬಡೀ ಅನ್ನು" ಎಂದಳು.

ಹೀಗೆ ಎಷ್ಟೋ ತಿಂಗಳ ಮೇಲೆ ಅವಳು ಒಲೆಯ ಮುಂದೆ ಕೂತಳು. ಒಗ್ಗರಣೆಯ ಬೆಳ್ಳುಳ್ಳಿ ಕೆಂಪಾದದ್ದನ್ನು ಕಣ್ಣಿನಿಂದ ನೋಡಿ ತಿಳಿದಳು. ಕೊನೆಗೆ ಬೆಳಗಿನ ಹುಳಿಯನ್ನು ಬೋಗುಣಿಯಿಂದ ಬಗ್ಗಿಸುವಾಗ ಅವಳ ಕೈ ತಡೆಯಿತು. ಆವಿಗೆ ಮೂಗೊಡ್ಡಿದಳು, ಏನೂ ತಿಳಿಯಲಿಲ್ಲ, ಉಳಿದದ್ದನ್ನೆಲ್ಲ ಸುರಿದುಬಿಟ್ಟಳು. ರೊಟ್ಟಿಯ ಮೇಲೆ ಪಲ್ಲೆ ಹಾಕಿ ನನ್ನ ಮುಂದಿಟ್ಟು, ತಾನೂ ಎದುರಿಗೆ ಕೂತು, "ಹೆಂಗಾಗೈತಿ, ಖರೆ ಹೇಳ್ರಿ" ಎಂದಳು.

ಮೊದಲ ತುತ್ತಿಗೇ ನನಗೆ ಶಾಲೆಯ ದಾರಿ ಕಂಡಿತು. ಅಂಥ ಹುಳಿ. ಆದರೆ ಆ ಮುಖ ಎದುರಿಗಿರುವಾಗ ಹೇಗೆ ಹೇಳುವುದು? ಆಮ್ಲರಸವು ಸೌಮ್ಯವಾಗಿ ಪ್ರವೇಶಿಸಿ, ಲವಣದೊಂದಿಗೆ ಸಾಮರಸ್ಯ ಸಾಧಿಸಿ ಎಂದೇನೋ ಆರಂಭಿಸಿದೆ.

"ಪುಸ್ತಕದ ಮಾತು ಬ್ಯಾಡ. ಉಣ್ರಿ, ನಾ ನೋಡ್ತೀನಿ" ಎಂದಳು.

ಎರಡನೆಯ ತುತ್ತು ಹಾಕಿಕೊಂಡೆ. ಮುಖವನ್ನು ಬಿಗಿಹಿಡಿಯಲು ಸರ್ವಪ್ರಯತ್ನ ಮಾಡಿದೆ. ಆದರೆ ಒಂದು ಕಣ್ಣು ತಾನಾಗಿ ಮುಚ್ಚಿತು, ಭುಜಗಳು ಕಿವಿಗೆ ಹತ್ತಿದವು, ನಾಲಿಗೆ ಅಂಗುಳಕ್ಕೆ ಬಡಿದು ಲೊಟ್ಟೆಂದಿತು. ಅವಳು ರೆಪ್ಪೆ ಬಡಿಯದೆ ನನ್ನ ಬಾಯನ್ನೇ ನೋಡುತ್ತಿದ್ದಳು. ನೋಡುತ್ತ ನೋಡುತ್ತ ಅವಳ ಗಂಟಲು ಒಮ್ಮೆ ಮೇಲೆದ್ದು ಕೆಳಗಿಳಿಯಿತು. ಗಾಬರಿಯಾದವಳಂತೆ ಕೆನ್ನೆಯ ಮೇಲೆ ಕೈ ಇಟ್ಟುಕೊಂಡಳು.

"ಏನಾತು?" ಎಂದು ಕೇಳಿದೆ.

"ಬಾಯಾಗ ನೀರು ಬಂತ್ರಿ" ಎಂದಳು. "ನಿಮ್ಮ ಮಾರಿ ನೋಡಿ ಬಂತು. ಇನ್ನೊಂದು ತುತ್ತು ತಿನ್ರಿ."