ಒಣಗಬೇಕಿದ್ದ ಮರಳು

ನಮ್ಮ ಯಜಮಾನರನ್ನು ಉಳಿದ ಡ್ರೈವರುಗಳೆಲ್ಲ ಬುಗುರಿ ಅಂತಲೇ ಕರೆಯುವುದು. ಸರಿಯಾಗೇ ಇಟ್ಟಿದ್ದಾರೆ ಹೆಸರು. ಊಟಕ್ಕೆ ಕೂತರೂ ಒಂದು ಕಾಲು ಬಾಗಿಲ ಕಡೆಗೇ ಚಾಚಿರುತ್ತದೆ. ಅಂಥವರ ಟಿಪ್ಪರನ್ನು ಗಣಿ ಇಲಾಖೆಯವರು ಹಿಡಿದು ತಮ್ಮ ಯಾರ್ಡಿನಲ್ಲಿ ನಿಲ್ಲಿಸಿದ ಮೇಲೆ ನಮ್ಮ ಮನೆಯ ಗತಿ ಕೇಳಬೇಡಿ. ಸರಿಯಿದ್ದ ನಲ್ಲಿಯನ್ನು ಬಿಗಿ ಮಾಡಿದರು, ಅದು ಸೋರತೊಡಗಿತು. ಕಿಟಕಿಗೆ ಎಣ್ಣೆ ಬಿಟ್ಟರು, ಪರದೆಯೆಲ್ಲ ಎಣ್ಣೆ.

ಗಾಡಿ ಹಿಡಿದದ್ದು ಯಾಕೆಂದರೆ, ಪರ್ಮಿಟ್ಟಿನಲ್ಲಿ ಇದ್ದದ್ದಕ್ಕಿಂತ ಮರಳು ಹೆಚ್ಚು ತೂಗಿತು. ತೂಗದೆ ಇನ್ನೇನು? ದಾರಿಯುದ್ದಕ್ಕೂ ಮಳೆ, ಮೇಲೆ ಹೊದಿಸಿದ ಟಾರ್ಪಾಲು ಹರಿದದ್ದು. ಮರಳು ಹೊಟ್ಟೆ ತುಂಬ ನೀರು ಕುಡಿದು ಕೂತಿತ್ತು. "ಸಾರ್, ಇದು ನೀರಿನ ತೂಕ" ಅಂತ ಇವರು ಗಂಟಲು ಹರಿದುಕೊಂಡರಂತೆ. ಕೊನೆಗೆ ಅಧಿಕಾರಿ, ಪುಣ್ಯಾತ್ಮ, ಒಂದು ಮಾತಿಗೆ ಒಪ್ಪಿದ. ಲೋಡು ಹಾಗೇ ಇರಲಿ, ಬಿಸಿಲಿಗೆ ಒಣಗಲಿ, ಮುಂದಿನ ವಾರ ಮತ್ತೆ ತೂಗೋಣ. ಸರಿ ಬಂದರೆ ಗಾಡಿ ಬಿಡುತ್ತೇವೆ. ಬರದಿದ್ದರೆ ತಪ್ಪೊಪ್ಪಿಕೊಂಡು, ರಾಜಿ ಮಾಡಿಕೊಂಡು, ದಂಡ ಕಟ್ಟಿ ಬಿಡಿಸಿಕೊಳ್ಳಿ. ಆದರೆ ರಾಜಿ ಒಂದೇ ಸಲ. ಇನ್ನೊಮ್ಮೆ ಸಿಕ್ಕಿಬಿದ್ದರೆ ಗಾಡಿ ಸರ್ಕಾರದ್ದು.

ಅಂದರೆ ಇವರು ಮಾಡಬೇಕಾದದ್ದು ಒಂದೇ, ಸುಮ್ಮನಿರುವುದು. ಅಯ್ಯೋ, ಅದನ್ನು ಇವರಿಗೆ ಹೇಳುವುದೇ!

ಬ್ಯಾಟರಿ ಇಳಿದುಹೋಗಬಾರದೆಂದು ಯಾರ್ಡಿನ ಕಾವಲುಗಾರ ಬೆಳಿಗ್ಗೆ ಡ್ರೈವರುಗಳ ಕೈಗೆ ಕೀ ಕೊಟ್ಟು ಇಂಜಿನ್ ಚಾಲೂ ಮಾಡಿಸುತ್ತಿದ್ದ. ಇವರೂ ಹೋಗುತ್ತಿದ್ದರು, ಬಂದು ಗೊಣಗುತ್ತಿದ್ದರು.

"ಭಾರ ಹೊತ್ಕೊಂಡೇ ನಿಂತಿದೆ ಕಣೇ. ಸ್ಪ್ರಿಂಗ್ ಪ್ಲೇಟೆಲ್ಲ ಬಾಗ್ತಿವೆ."

"ಬಾಗಲಿ ಬಿಡ್ರೀ. ಮರಳು ಒಣಗ್ತಿದೆ ತಾನೇ?"

"ಮೇಲೆಲ್ಲ ಬೆಳ್ಳಗಾಗಿದೆ. ಕೈ ಹಾಕಿದ್ರೆ ಜಾರುತ್ತೆ."

"ಹಾಗಾದ್ರೆ ಗೆದ್ವಿ. ದಮ್ಮಯ್ಯ, ಸ್ವಲ್ಪ ತಾಳ್ಕೊಳ್ಳಿ."

ಮತ್ತೆ ತೂಗುವ ಹಿಂದಿನ ದಿನ ಮನೆಗೆ ಬಂದವರು ಗೆಲುವಾಗಿದ್ದರು. ಎರಡೂ ಕಾಲು ಮಡಿಸಿ ಊಟಕ್ಕೆ ಕೂತರು.

"ಏನ್ ಮಾಡಿ ಬಂದ್ರಿ?"

"ಏನಿಲ್ಲ. ಇಂಜಿನ್ ಹೇಗೂ ಓಡ್ತಿತ್ತಲ್ಲ, ಹಿಂದಿನ ತೊಟ್ಟಿ ಎತ್ತಿ ಲೋಡು ಸುರಿದುಬಿಟ್ಟೆ. ಅಲ್ಲೇ, ಗಾಡಿ ಹಿಂದೇನೇ. ಪಾಪ, ಭಾರ ಇಳಿದದ್ದೇ ಗಾಡಿ ಹೇಗೆ ಮೇಲೆದ್ದು ನಿಂತ್ಕೊಳ್ತು ಗೊತ್ತಾ!"

"ರೀ! ನಾಳೆ ಅವರು ಏನನ್ನ ತೂಗ್ತಾರೆ?"

ತುತ್ತು ಎತ್ತಿದ ಕೈ ಅಲ್ಲೇ ನಿಂತಿತು. ಆಮೇಲೆ ಆ ತಟ್ಟೆಯನ್ನು ಅವರು ಮುಟ್ಟಲಿಲ್ಲ.

ಮಾರನೆಯ ದಿನ ಅಧಿಕಾರಿ ನೆಲದ ಮೇಲಿನ ರಾಶಿ ನೋಡಿ ತಲೆ ಚಚ್ಚಿಕೊಂಡ. "ಇದರಲ್ಲಿ ಎಷ್ಟು ಉಳಿದಿದೆಯೋ, ಎಷ್ಟನ್ನ ಯಾರು ಹೊತ್ಕೊಂಡು ಹೋದ್ರೋ! ನಾನು ಹೇಗೆ ನಂಬಲಿ?" ಅವನ ಮಾತೂ ಸುಳ್ಳಲ್ಲ. ಇನ್ನು ಉಳಿದದ್ದು ರಾಜಿ. ಗಾಡಿ ಇರುವುದು ನನ್ನ ಹೆಸರಿನಲ್ಲಿ, ಹಾಗಾಗಿ ತಪ್ಪೊಪ್ಪಿಗೆಗೆ ಸಹಿ ಹಾಕಬೇಕಾದವಳೂ ನಾನೇ.

"ಇನ್ನೊಂದು ದಾರಿ ಇದೆಯಮ್ಮ," ಅಂದ ಅಧಿಕಾರಿ. "'ಡ್ರೈವರ್ ನನಗೆ ಹೇಳದೆ ಹೆಚ್ಚು ತುಂಬಿದ್ದಾನೆ' ಅಂತ ಬರ್ಕೊಡಿ. ನಿಮ್ಮ ಮೇಲೂ ಗಾಡಿ ಮೇಲೂ ಏನೂ ಬರಲ್ಲ. ಅವರ ಲೈಸೆನ್ಸ್ ಹೋಗುತ್ತೆ ಅಷ್ಟೇ."

"ಬರ್ಕೊಡೇ," ಅಂದರು ಇವರು. ಮೇಜಿನ ಕೆಳಗೆ ಮೊಣಕಾಲು ಗಡಗಡ ಕುಣಿಯುತ್ತಿತ್ತು. "ಕೆಡಿಸಿದ್ದು ನಾನೇ ಅಲ್ವಾ? ಬೇರೆ ಡ್ರೈವರ್ ಇಟ್ಕೊಂಡ್ರಾಯ್ತು."

ಮದುವೆಯಾದಂದಿನಿಂದ ಹಾಲು ಉಕ್ಕಿದರೂ ಇವರದೇ ತಪ್ಪು ಅಂದವಳು ನಾನು. ಆವತ್ತೂ ಮನೆಯಿಂದ ಯಾರ್ಡಿನವರೆಗೆ ಬೈದುಕೊಂಡೇ ಬಂದಿದ್ದೆ. ಆದರೆ ಬಾಯಲ್ಲಿ ಬೈಯುವುದು ಬೇರೆ, ಬರೆದುಕೊಡುವುದು ಬೇರೆ. ಸ್ಟೇರಿಂಗ್ ಕೈಯಲ್ಲಿಲ್ಲದಿದ್ದರೆ ಈ ಮನುಷ್ಯ ಏನಾಗುತ್ತಾರೆಂದು ಒಂದೇ ವಾರದಲ್ಲಿ ಕಣ್ಣಾರೆ ಕಂಡಿದ್ದೆ.

"ತಪ್ಪು ನಂದು ಅಂತ ಬರೀರಿ ಸಾರ್," ಅಂದೆ.

"ಲೇ, ನಿಂಗೆ ತಲೆ ಕೆಟ್ಟಿದೆಯಾ?"

"ನೀವು ಸುಮ್ನಿರ್ರೀ. ಇವತ್ತಾದ್ರೂ ಸುಮ್ನಿರಿ."

ಮಾಡದ ತಪ್ಪಿಗೆ ಸಹಿ ಹಾಕುವಾಗ ಹೊಟ್ಟೆ ಉರಿಯಿತು, ಯಾಕೆ ಸುಳ್ಳು ಹೇಳಲಿ. ದಂಡ ಕಟ್ಟಿದೆವು. ಮರಳನ್ನು ಅವರೇ ಇಟ್ಟುಕೊಂಡರು. ಖಾಲಿ ಟಿಪ್ಪರಿನಲ್ಲಿ ಇಬ್ಬರೂ ಹೊರಟೆವು.

ರಸ್ತೆಯಲ್ಲಿ ಎಲ್ಲರೂ ನಮ್ಮನ್ನು ಹಿಂದೆ ಹಾಕಿ ಹೋಗುತ್ತಿದ್ದರು, ಸೈಕಲ್ಲಿನವನೊಬ್ಬನೂ ಹೋದ. ಇವರು ಹಾರ್ನ್ ಕೂಡ ಹೊಡೆಯಲಿಲ್ಲ.

"ಸ್ವಲ್ಪ ಬೇಗ ಓಡಿಸ್ರೀ, ನಾಚಿಕೆ ಆಗುತ್ತೆ," ಅಂದೆ.

"ಬೇಡ," ಅಂದರು. "ಏನಾದ್ರೂ ಆಗಿ ಇನ್ನೊಮ್ಮೆ ಸಿಕ್ಕಿಬಿದ್ರೆ ನಿನ್ನ ಗಾಡಿ ಹೋಗುತ್ತೆ."

ಇಷ್ಟು ವರ್ಷ 'ನನ್ನ ಗಾಡಿ, ನನ್ನ ಗಾಡಿ' ಅಂತ ಊರಿಗೆಲ್ಲ ಹೇಳಿಕೊಂಡು ತಿರುಗಿದ ಬಾಯಿ ಅದು.